ಕಲಾಕೃತಿ ಎಲ್ಲೈತಮ್ಮ?

ಬಳ್ಳಾರಿಯಲ್ಲಿ ಚಿತ್ರ ಬರೆದರೆ ಕಲಾವಿದ. ಬಯಲಾಟ ಕುಣಿದರೂ ಕಲಾವಿದ, ತೊಗಲುಗೊಂಬೆ ಆಡಿಸಿದರೂ ಕಲಾವಿದ. ಇವರಿಗೆಲ್ಲ ಅರ್ಜಿಯಲ್ಲಿ ಒಂದೊಂದು ಚೌಕ ಇದೆ. ಟಿಕ್ ಹಾಕಿದರೆ ಆಯ್ತು.

ನಮ್ಮ ಕಡೆಯ ಹುಡುಗಿಯೊಬ್ಬಳು ಚೌಕಕ್ಕೆ ಸಿಗದ ಕೆಲಸ ಮಾಡಿದಳು. ಬಿಳಿ ಸೀರೆ ಉಟ್ಟು ಸಂಡೂರು ರಸ್ತೆಯ ಬದಿಯಲ್ಲಿ ಇಡೀ ದಿನ ಸುಮ್ನೆ ನಿಂತಳು. ಅದಿರಿನ ಲಾರಿಗಳು ಓಡಾಡಿದವು. ಸಂಜೆಗೆ ಸೀರೆ ಕೆಂಪಾಯಿತು. ಹೊಸ ಕಲೆಯ ಭಾಷೆಯಲ್ಲಿ ನಿಂತದ್ದು ಪರ್ಫಾರ್ಮೆನ್ಸ್. ಕ್ಯಾಮೆರಾ ಹಿಡಿದದ್ದು ವಿಡಿಯೊ. ಸೀರೆ ನೇತುಹಾಕಿ, ಪಕ್ಕದಲ್ಲಿ ಆ ವಿಡಿಯೊ ಓಡಿಸಿದರೆ ಇನ್‌ಸ್ಟಲೇಷನ್. ಇಷ್ಟಕ್ಕೆ ಸಹಾಯಧನ ಕೇಳಿ, ಬಿಲ್ಲುಗಳ ಸಮೇತ ಒಂದು ಕಚೇರಿಗೆ ಹೋದಳು.

'ಕಲಾಕೃತಿ ಎಲ್ಲೈತಮ್ಮ?'

'ನಿಂತದ್ದೇ ಕಲಾಕೃತಿ, ಸರ್.'

'ಅದು ಮುಗಿದುಹೋತಲ್ಲ. ಈಗ ಅದನ್ನ ಯಾವ ಬೀರುನಾಗ ಇಡ್ಲಿ? ಸ್ಟಾಕ್ ರಿಜಿಸ್ಟರ್‌ನಾಗ ಏನಂತ ಬರೀಲಿ?'

ವಿಡಿಯೊ ತೋರಿಸಿದಳು. 'ಎಂಟು ತಾಸಾ? ಮದುವೆ ವಿಡಿಯೊನೇ ಮೂರು ತಾಸಿಗೆ ಮುಗೀತೈತಿ. ಎಡಿಟ್ ಮಾಡಿಸಿಲ್ಲೇನು?'

2010ರಲ್ಲಿ ನ್ಯೂಯಾರ್ಕ್‌ನ ಮೋಮಾ ಮ್ಯೂಸಿಯಂನಲ್ಲಿ ಮರೀನಾ ಅಬ್ರಮೊವಿಚ್ ಎಂಬ ಪರ್ಫಾರ್ಮೆನ್ಸ್ ಕಲಾವಿದೆ 700 ತಾಸಿಗೂ ಜಾಸ್ತಿ ಮಾತಿಲ್ಲದೆ ಕುರ್ಚಿಯಲ್ಲಿ ಕೂತಿದ್ದರು. ಎದುರು ಕೂರಲು ಜನ ಸಾಲು ನಿಂತರು. ಆ ಜನ ಪುಣ್ಯವಂತರು, ಕುರ್ಚಿಯಲ್ಲಿ ಒಬ್ಬರಾದರೂ ಇದ್ದರು. ನಮ್ಮಲ್ಲಿ ಸಾಲಿಗೇನೂ ಕೊರತೆಯಿಲ್ಲ. ಸಾಹೇಬರು ಮಾತ್ರ ಮೀಟಿಂಗ್‌ನಲ್ಲಿ.

ಹಾಗಂತ ಕಚೇರಿಯವರಿಗೆ ಹೊಸ ಕಲೆ ತಿಳಿಯುವುದಿಲ್ಲ ಅನ್ನಬೇಡಿ. 2024ರ ನವೆಂಬರ್‌ನಲ್ಲಿ ನ್ಯೂಯಾರ್ಕ್ ಹರಾಜಿನಲ್ಲಿ, ಗೋಡೆಗೆ ಟೇಪ್ ಹಚ್ಚಿದ ಒಂದು ಬಾಳೆಹಣ್ಣು 62 ಲಕ್ಷ ಡಾಲರಿಗೆ ಹೋಯಿತು. ಇಟಲಿಯ ಮೌರಿಜಿಯೊ ಕ್ಯಾಟೆಲನ್ ಅವರ ಕೃತಿ. ಕೊಂಡವರು ಹಣ್ಣನ್ನು ತಿಂದೇಬಿಟ್ಟರು. ನಷ್ಟವೇನೂ ಆಗಲಿಲ್ಲ, ಯಾಕಂದ್ರೆ ಅವರು ದುಡ್ಡು ಕೊಟ್ಟದ್ದು ಸರ್ಟಿಫಿಕೇಟಿಗೆ. ಹಣ್ಣು ಬೇಕಾದರೆ ಬೇರೆ ತಂದು ಹಚ್ಚಬಹುದು. ಕಂಪ್ಲಿಯ ಬಾಳೆ ರೈತರು ಇದನ್ನು ಕೇಳಿ ನಗಬಹುದು. ಸರ್ಕಾರಿ ಬಿಲ್ಲು ಪಾಸು ಮಾಡುವವರು ನಗುವುದಿಲ್ಲ. ಸರ್ಟಿಫಿಕೇಟ್ ಇದ್ದ ಮೇಲೆ ಹಣ್ಣು ಯಾಕೆ ಅನ್ನೋದು ಅವರಿಗೆ ಮೊದಲಿಂದ ಗೊತ್ತು. ಫೈಲಿನಲ್ಲಿ ಚರಂಡಿ ಹರಿಯುತ್ತದೆ, ಫೈಲಿನಲ್ಲಿ ಸಸಿ ಚಿಗುರುತ್ತದೆ. ಯಾರಾದರೂ ಹೋಗಿ ಮುಟ್ಟಿ ನೋಡಿದ್ದುಂಟಾ?

ಈ ಕಲೆಯ ದೊಡ್ಡ ಪ್ರದರ್ಶನ ನಮ್ಮ ಅದಿರಿನಲ್ಲೇ ಆಯಿತು. 2010ರಲ್ಲಿ ಅಂಕೋಲಾ ಹತ್ತಿರದ ಬೇಲೇಕೇರಿ ಬಂದರಿನಲ್ಲಿ ಸರ್ಕಾರ ಜಪ್ತಿ ಮಾಡಿದ್ದ ಲಕ್ಷಗಟ್ಟಲೆ ಟನ್ ಅದಿರು, ಜಪ್ತಿಯಲ್ಲಿ ಇರುವಾಗಲೇ ಹಡಗು ಹತ್ತಿ ಹೋಯಿತು. ಗುಡ್ಡದಂಥ ಅದಿರು ಮಾಯ, ಕಾಗದ ಮಾತ್ರ ಭದ್ರ. ಇಂಥ ಇನ್‌ಸ್ಟಲೇಷನ್ ಯಾವ ಮ್ಯೂಸಿಯಂನಲ್ಲಿದೆ ತೋರಿಸಿ ನೋಡೋಣ. ಅಷ್ಟು ಟನ್‌ಗೆ ಬೀರು ಕೇಳದವರು ಒಂದು ಸೀರೆಯ ಧೂಳಿಗೆ ಬೀರು ಕೇಳುತ್ತಿದ್ದಾರೆ.

ಹುಡುಗಿ ಕೊನೆಗೆ ಸೀರೆಯನ್ನೇ ತಂದು ಮೇಜಿನ ಮೇಲಿಟ್ಟಳು. ಕೈಗೆ ಸಿಗುವ ವಸ್ತು, ಇನ್ನೇನು ಬೇಕು ಅಲ್ವಾ? ಸ್ಥಳ ಪರಿಶೀಲನೆ, ಫೋಟೊ, ಸಹಿ, ಸೀಲು ಎಲ್ಲ ಆಯ್ತು. ಹದಿನೈದು ದಿನಕ್ಕೆ ನೋಟಿಸ್ ಬಂತು. ಬಿಲ್ಲಿನಲ್ಲಿ ಇರುವುದು ಬಿಳಿ ಸೀರೆ, ಹಾಜರುಪಡಿಸಿದ್ದು ಕೆಂಪು ಸೀರೆ, ತಾಳೆಯಾಗುತ್ತಿಲ್ಲ. ಸದರಿ ಸೀರೆಯನ್ನು ಒಗೆಸಿ, ಮೊದಲಿನಂತೆ ಬಿಳಿ ಮಾಡಿ, ಏಳು ದಿನದೊಳಗೆ ಒಪ್ಪಿಸತಕ್ಕದ್ದು. ಒಗೆಸುವ ಖರ್ಚು ಅರ್ಜಿದಾರರದ್ದೇ.