ಹವ್ಯಾಸಿ ಎಂಬ ಮಾತು ಸುಳ್ಳಾಗಿದ್ದ ನಾಡಿನಲ್ಲಿ

ಬೇಸ್‌ಬಾಲ್ ನಮ್ಮ ಕಡೆಯ ಆಟವಲ್ಲ. ಆದರೂ 2023ರ ಮಾರ್ಚ್ 11ರಂದು ಟೋಕಿಯೊ ಡೋಮ್ ಕ್ರೀಡಾಂಗಣದಲ್ಲಿ ಎಸೆದ ಮೂರು ಚೆಂಡುಗಳ ವಿಡಿಯೊ ವರ್ಷಕ್ಕೆ ಮೂರ್ನಾಲ್ಕು ಸಲವಾದರೂ ಯಾರಿಂದಲೋ ನನ್ನ ಮೊಬೈಲಿಗೆ ಬಂದು ಬೀಳುತ್ತದೆ. ವರ್ಲ್ಡ್ ಬೇಸ್‌ಬಾಲ್ ಕ್ಲಾಸಿಕ್ ಟೂರ್ನಿಯ ಪಂದ್ಯ ಅದು. ಎಸೆಯುವವರು ಜೆಕ್ ಗಣರಾಜ್ಯದ ಒಂಡ್ರೇ ಸಟೋರಿಯಾ. ಎದುರಿಗೆ ಬ್ಯಾಟು ಹಿಡಿದು ನಿಂತವರು ಜಪಾನಿನ ಶೋಹೇ ಓತಾನಿ. ಇಂದಿನ ಬೇಸ್‌ಬಾಲ್‌ನಲ್ಲಿ ಅವರಿಗಿಂತ ದೊಡ್ಡ ಹೆಸರಿಲ್ಲ. ಮೂರೇ ಎಸೆತಗಳಲ್ಲಿ ಓತಾನಿ ಔಟ್. ವಿಡಿಯೊದ ಕೆಳಗೆ ಯಾವಾಗಲೂ ಒಂದೇ ಬಗೆಯ ಒಕ್ಕಣೆ ಇರುತ್ತದೆ: ಎಸೆದಾತ ವೃತ್ತಿಯಲ್ಲಿ ಎಲೆಕ್ಟ್ರಿಷಿಯನ್, ತಂಡದ ಮುಖ್ಯ ತರಬೇತುದಾರ ಪಾವೆಲ್ ಖಾದಿಮ್ ನರರೋಗ ತಜ್ಞ, ಆಟಗಾರರಲ್ಲಿ ಒಬ್ಬರು ಅಗ್ನಿಶಾಮಕ ದಳದವರು, ಒಬ್ಬರು ಮೇಷ್ಟ್ರು, ಬಹುಪಾಲು ಮಂದಿ ನೌಕರಿಗೆ ರಜೆ ಹಾಕಿ ಬಂದವರು. ಈ ವಿವರಗಳೆಲ್ಲ ನಿಜ. ಆ ಪಂದ್ಯವನ್ನು ಜಪಾನ್ 10–2ರಿಂದ ಗೆದ್ದಿತೆಂಬುದನ್ನು ಮಾತ್ರ ಯಾರೂ ಬರೆಯುವುದಿಲ್ಲ, ಇರಲಿ.

ನನ್ನ ತಕರಾರು ಬೇರೆ. ಈ ಪ್ರಸಂಗವನ್ನು ನಾವು ಹಳ್ಳಿಯ ಹುಡುಗ ಅರಮನೆಯ ಜಟ್ಟಿಯನ್ನು ಕೆಡವಿದ ಕತೆಯಂತೆ ಓದಿ ಚಪ್ಪಾಳೆ ತಟ್ಟಿ ಮುಂದೆ ಹೋಗುತ್ತೇವೆ. ಆದರೆ ಅವರು ಬಂದ ನಾಡು ಎಂಥದ್ದು ಎಂಬುದನ್ನು ಮರೆತರೆ ಈ ಕತೆಯ ಮುಕ್ಕಾಲು ಪಾಲು ಕೈತಪ್ಪಿಹೋಗುತ್ತದೆ. ಕ್ರೀಡೆಯಲ್ಲಿ 'ಹವ್ಯಾಸಿ' ಎಂಬ ಪದವನ್ನು ನಲವತ್ತು ವರ್ಷಗಳ ಕಾಲ ಸರ್ಕಾರವೇ ಸುಳ್ಳಾಗಿಸಿದ್ದ ನಾಡು ಅದು.

ಇಂದಿನ ಜೆಕ್ ಗಣರಾಜ್ಯ ಆಗ ಸೇರಿದ್ದ ಜೆಕೊಸ್ಲೊವಾಕಿಯಾದಲ್ಲಿ 1948ರ ಫೆಬ್ರವರಿಯಲ್ಲಿ ಕಮ್ಯುನಿಸ್ಟರು ಅಧಿಕಾರ ಹಿಡಿದರು. ಆಮೇಲಿನ ವ್ಯವಸ್ಥೆಯಲ್ಲಿ ಕಾಗದದ ಮೇಲೆ ವೃತ್ತಿಪರ ಆಟಗಾರ ಎಂಬ ಜಾತಿಯೇ ಇರಲಿಲ್ಲ. ಒಬ್ಬ ಸೈನಿಕ, ಇನ್ನೊಬ್ಬ ಗಣಿ ಕಾರ್ಮಿಕ, ಮತ್ತೊಬ್ಬ ಉಕ್ಕಿನ ಕಾರ್ಖಾನೆಯ ನೌಕರ. ಸಂಬಳ ಅಲ್ಲಿಂದ, ಕೆಲಸ ಮಾತ್ರ ಬೆಳಗಿನಿಂದ ಸಂಜೆಯವರೆಗೆ ಅಭ್ಯಾಸ. ಸೇನೆಯ ಕ್ಲಬ್ಬುಗಳಿಗೆ 1944ರ ಯುದ್ಧಭೂಮಿಯೊಂದರ ನೆನಪಿಗೆ 'ದುಕ್ಲಾ' ಎಂಬ ಹೆಸರಿತ್ತು. ಸೈನಿಕ ಸೇವೆ ಕಡ್ಡಾಯವಾಗಿದ್ದುದರಿಂದ ದೇಶದ ಒಳ್ಳೊಳ್ಳೆಯ ಹುಡುಗರು ಸರದಿಯ ಪ್ರಕಾರ ತಾವಾಗಿಯೇ ದುಕ್ಲಾದ ಅಂಗಳಕ್ಕೆ ಬಂದು ಬೀಳುತ್ತಿದ್ದರು. ಐಸ್ ಹಾಕಿಯಲ್ಲಿ ದುಕ್ಲಾ ಯಿಹ್ಲಾವಾ, ಫುಟ್‌ಬಾಲ್‌ನಲ್ಲಿ ದುಕ್ಲಾ ಪ್ರಾಗ್ ದಶಕಗಟ್ಟಲೆ ಮೆರೆದುದರ ಗುಟ್ಟು ಅಷ್ಟೇ. 1962ರಲ್ಲಿ ಯುರೋಪಿನ ಶ್ರೇಷ್ಠ ಫುಟ್‌ಬಾಲ್ ಆಟಗಾರನ ಪ್ರಶಸ್ತಿ ಪಡೆದ ಯೊಸೆಫ್ ಮಸೋಪುಸ್ಟ್ ಕೂಡ ಆ ಸೇನಾ ತಂಡದವರೇ. ಒಲಿಂಪಿಕ್ಸ್ ಹವ್ಯಾಸಿಗಳಿಗೆ ಮಾತ್ರ ಎಂಬ ನಿಯಮವಿದ್ದ ಕಾಲದಲ್ಲಿ ಇಂಥ 'ಸೈನಿಕರು' ಮತ್ತು 'ಕಾರ್ಮಿಕರು' ನಿರಾತಂಕವಾಗಿ ಆಡಿದರು. ತನ್ನ ವೃತ್ತಿಪರರನ್ನು ಕಳಿಸಲು ಅವಕಾಶವಿಲ್ಲದ ಕೆನಡಾ ಇದನ್ನು ಸಹಿಸಲಾಗದೆ 1970ರ ದಶಕದ ಬಹುಭಾಗ ವಿಶ್ವ ಐಸ್ ಹಾಕಿಯಿಂದಲೇ ದೂರ ಉಳಿಯಿತು.

ಅವರನ್ನು ಆಡಿಕೊಳ್ಳುವ ಬಾಯಿ ನನಗಿಲ್ಲ. ನಾನೂ ಬೆಂಗಳೂರಿನ ಸರ್ಕಾರಿ ಉದ್ದಿಮೆಯೊಂದರಲ್ಲಿ ಕ್ರೀಡಾ ಕೋಟಾದಡಿ ಕೆಲಸಕ್ಕೆ ಸೇರಿ, ಬೆಳಿಗ್ಗೆ ಹಾಜರಿ ಪುಸ್ತಕದಲ್ಲಿ ಸಹಿ ಹಾಕಿ, ಹತ್ತು ಗಂಟೆಗೆಲ್ಲ ವಾಲಿಬಾಲ್ ಅಂಕಣಕ್ಕೆ ಇಳಿಯುತ್ತಿದ್ದವನು. ಆ ಸಹಿಯಿಂದಲೇ ನನ್ನ ಸಂಸಾರ ನಡೆಯಿತು. ಹಾಗೆಯೇ ಜೆಕೊಸ್ಲೊವಾಕಿಯಾದ ವ್ಯವಸ್ಥೆ ಕೊಟ್ಟ ಫಲವನ್ನೂ ಅಲ್ಲಗಳೆಯಲಾಗದು. ಅದರ ಪುರುಷರ ವಾಲಿಬಾಲ್ ತಂಡ 1956 ಮತ್ತು 1966ರಲ್ಲಿ, ಹ್ಯಾಂಡ್‌ಬಾಲ್ ತಂಡ 1967ರಲ್ಲಿ ವಿಶ್ವ ಚಾಂಪಿಯನ್ ಆದವು. 1976ರ ಯುರೋಪಿಯನ್ ಫುಟ್‌ಬಾಲ್ ಫೈನಲ್‌ನಲ್ಲಿ ಆಂತೋನಿನ್ ಪನೆಂಕಾ ಪಶ್ಚಿಮ ಜರ್ಮನಿಯ ಗೋಲ್‌ಕೀಪರ್ ಒಂದು ಬದಿಗೆ ಹಾರುವುದನ್ನು ಕಾದು ಚೆಂಡನ್ನು ನಡುವೆ ಮೆಲ್ಲಗೆ ತೇಲಿಬಿಟ್ಟ ಪೆನಾಲ್ಟಿಗೆ ಇಂದಿಗೂ ಅವರದೇ ಹೆಸರು.

ಆದರೆ ಸಂಬಳ ಕೊಟ್ಟು ಸಾಕಿದ ಸರ್ಕಾರ ಆಟಗಾರನನ್ನು ತನ್ನ ಆಸ್ತಿಯೆಂದೇ ತಿಳಿದಿತ್ತು. 1947 ಮತ್ತು 1949ರಲ್ಲಿ ವಿಶ್ವ ಚಾಂಪಿಯನ್ ಆಗಿದ್ದ ಐಸ್ ಹಾಕಿ ತಂಡ 1950ರ ಮಾರ್ಚ್‌ನಲ್ಲಿ ಲಂಡನ್ನಿನ ವಿಶ್ವ ಚಾಂಪಿಯನ್‌ಷಿಪ್‌ಗೆ ಹೊರಟು ನಿಂತಿತ್ತು. ಕೊನೆಯ ಗಳಿಗೆಯಲ್ಲಿ ಪ್ರಯಾಣ ರದ್ದಾಯಿತು. ಜೊತೆಗೆ ಹೋಗಬೇಕಿದ್ದ ರೇಡಿಯೊ ವರದಿಗಾರರಿಗೆ ವೀಸಾ ಸಿಗಲಿಲ್ಲವೆಂಬುದು ಕೊಟ್ಟ ನೆಪ. ಈ ತಂಡ ಒಮ್ಮೆ ಗಡಿ ದಾಟಿದರೆ ಮರಳುವುದಿಲ್ಲವೆಂಬುದು ಒಳಗಿನ ಭಯ, ಮತ್ತು ಆ ಭಯ ಪೂರಾ ಆಧಾರವಿಲ್ಲದ್ದೇನಲ್ಲ. 1947ರ ಅದೇ ತಂಡದ ಯರೊಸ್ಲಾವ್ ದ್ರೊಬ್ನಿ ಟೆನಿಸ್ ಆಡಲು ಹೋದವರು 1949ರಲ್ಲಿ ದೇಶ ತೊರೆದಿದ್ದರು, ಮುಂದೆ 1954ರಲ್ಲಿ ಈಜಿಪ್ಟಿನ ಪ್ರಜೆಯಾಗಿ ವಿಂಬಲ್ಡನ್ ಗೆದ್ದರು. ಹತಾಶರಾದ ಆಟಗಾರರು ಪ್ರಾಗ್‌ನ ಒಂದು ಪಬ್ಬಿನಲ್ಲಿ ಕುಳಿತು, ಕುಡಿದು, ಸರ್ಕಾರವನ್ನು ಬಾಯಿತುಂಬ ಬೈದರು. ಅಲ್ಲಿಯೇ ಬಂಧನ. ಆ ರಾತ್ರಿ ಪಬ್ಬಿನಲ್ಲಿ ಇಲ್ಲದಿದ್ದ ಗೋಲ್‌ಕೀಪರ್ ಬೊಹುಮಿಲ್ ಮೊದ್ರಿಯನ್ನು ದೇಶದ್ರೋಹದ ಮುಖ್ಯ ಆರೋಪಿಯಾಗಿಸಿ ಹದಿನೈದು ವರ್ಷಗಳ ಶಿಕ್ಷೆ ವಿಧಿಸಲಾಯಿತು. ಅವರು ಯಾಖಿಮೊವ್‌ನ ಯುರೇನಿಯಂ ಗಣಿಗಳಲ್ಲಿ ದುಡಿದು, 1955ರಲ್ಲಿ ಬಿಡುಗಡೆಯಾಗಿ, 1963ರಲ್ಲಿ ತೀರಿಕೊಂಡರು. ಹುಸಿ ಗಣಿ ಕಾರ್ಮಿಕರಿಗೆ ಸಂಬಳ ಕೊಡುತ್ತಿದ್ದ ಸರ್ಕಾರ ವಿಶ್ವವಿಜೇತ ಗೋಲ್‌ಕೀಪರನ್ನು ನಿಜವಾದ ಗಣಿ ಕಾರ್ಮಿಕನಾಗಿಸಿತು.

ಇದೇ ಐಸ್ ಹಾಕಿ 1969ರಲ್ಲಿ ತಿರುಗಿ ಸರ್ಕಾರಕ್ಕೇ ಬಿಸಿ ಮುಟ್ಟಿಸಿತು. ಸೋವಿಯತ್ ಟ್ಯಾಂಕುಗಳು ಪ್ರಾಗ್‌ಗೆ ನುಗ್ಗಿದ ಏಳು ತಿಂಗಳಿಗೆ, ಸ್ಟಾಕ್‌ಹೋಮ್‌ನಲ್ಲಿ ಒಂದೇ ವಾರದೊಳಗೆ ಜೆಕೊಸ್ಲೊವಾಕಿಯಾ ಸೋವಿಯತ್ ತಂಡವನ್ನು ಎರಡು ಸಲ ಸೋಲಿಸಿತು: 2–0, 4–3. ಎರಡನೆಯ ಗೆಲುವಿನ ರಾತ್ರಿ ಜನ ಬೀದಿಗಿಳಿದರು, ವೆನ್ಸೆಸ್ಲಾಸ್ ಚೌಕದಲ್ಲಿದ್ದ ಸೋವಿಯತ್ ವಿಮಾನ ಸಂಸ್ಥೆಯ ಕಚೇರಿ ಪುಡಿಯಾಯಿತು. ಅದೇ ನೆಪವಾಗಿ ಮುಂದಿನ ತಿಂಗಳು ಸುಧಾರಣಾವಾದಿ ದುಬ್ಚೆಕ್ ಪಕ್ಷದ ನಾಯಕತ್ವ ಕಳೆದುಕೊಂಡರು. ಒಂದು ಆಟಕ್ಕೆ ಇಷ್ಟು ಭಾರ ಹೊರಿಸಿದ ಮೇಲೆ ಅದು ಆಟವಾಗಿ ಉಳಿಯುವುದು ಕಷ್ಟ.

ಈಗ ಬೇಸ್‌ಬಾಲ್‌ಗೆ ಬರುತ್ತೇನೆ. ಮೊದಲ ಮಹಾಯುದ್ಧ ಮುಗಿದ ಬೆನ್ನಿಗೆ ಅಮೆರಿಕದ ವೈಎಂಸಿಎ ಕಾರ್ಯಕರ್ತರು ಈ ನಾಡಿನಲ್ಲಿ ಬ್ಯಾಸ್ಕೆಟ್‌ಬಾಲ್, ವಾಲಿಬಾಲ್, ಬೇಸ್‌ಬಾಲ್ ಮೂರನ್ನೂ ಹರಡಿದರು. ಮೊದಲೆರಡು ಅದೇ ಸಂಸ್ಥೆಯವರು ಅಮೆರಿಕದ ಮ್ಯಾಸಚೂಸೆಟ್ಸ್‌ನಲ್ಲಿ ಹುಟ್ಟುಹಾಕಿದ ಆಟಗಳು. ಬೇಸ್‌ಬಾಲ್ ಅಮೆರಿಕನ್ ಆಟವಾದ್ದರಿಂದ ಕಮ್ಯುನಿಸ್ಟರು ಅದನ್ನು ದೂರವಿಟ್ಟರೆಂದು ಸಲೀಸಾಗಿ ಹೇಳಿಬಿಡುವವರಿದ್ದಾರೆ. ಅಷ್ಟೇ ಅಮೆರಿಕನ್ ಆದ ವಾಲಿಬಾಲ್ ಅವರ ಕಣ್ಮಣಿಯಾದದ್ದು ಹೇಗೆ ಎಂದು ಕೇಳಿದರೆ ಆ ವಾದ ನಿಲ್ಲುವುದಿಲ್ಲ. ನನ್ನ ಊಹೆ ಸರಳ. ವಾಲಿಬಾಲ್ 1964ರಲ್ಲಿ ಒಲಿಂಪಿಕ್ಸ್ ಸೇರಿತು, ಬೇಸ್‌ಬಾಲ್ ಪದಕದ ಆಟವಾಗಿ ಸೇರಿದ್ದು 1992ರಲ್ಲಿ. ಪದಕವಿಲ್ಲದ ಆಟದ ಕಡೆಗೆ ಯಾವ ಮಂತ್ರಿಯೂ ತಿರುಗಿ ನೋಡಲಿಲ್ಲ. ಸಂಬಳವಿಲ್ಲ, ಸೇನಾ ಕ್ಲಬ್ಬಿಲ್ಲ. ಹಾಗೆಯೇ ಆಟಗಾರರ ಬೆನ್ನ ಹಿಂದೆ ಗೂಢಚಾರರನ್ನು ಬಿಡುವ ಅಗತ್ಯವೂ ಯಾರಿಗೂ ಕಾಣಲಿಲ್ಲ. ಸಾಫ್ಟ್‌ಬಾಲ್ ಮತ್ತು ಬೇಸ್‌ಬಾಲ್ ಕೆಲವು ಊರುಗಳ ಕ್ಲಬ್ಬುಗಳಲ್ಲಿ ಸಂಜೆಯ ಆಟಗಳಾಗಿ ಹಾಗೂ ಹೀಗೂ ಉಸಿರಾಡಿಕೊಂಡಿದ್ದವು.

ಇದರ ಪಕ್ಕದಲ್ಲಿ ಸೋವಿಯತ್ ಬೇಸ್‌ಬಾಲನ್ನು ಇಟ್ಟು ನೋಡಬೇಕು. 1986ರಲ್ಲಿ ಬೇಸ್‌ಬಾಲ್ ಒಲಿಂಪಿಕ್ ಪದಕದ ಆಟವಾಗಲಿದೆಯೆಂದು ತೀರ್ಮಾನವಾದ ಕೂಡಲೇ ಮಾಸ್ಕೊ ಎದ್ದು ಕುಳಿತಿತು. ಜಾವೆಲಿನ್ ಎಸೆಯುವವರು, ಹ್ಯಾಂಡ್‌ಬಾಲ್ ಆಡುವವರು ಕೈಗೆ ಕೈಗವಸು ತೊಟ್ಟು ಬೇಸ್‌ಬಾಲ್ ಆಟಗಾರರಾದರು. ಮಾಸ್ಕೊ ವಿಶ್ವವಿದ್ಯಾಲಯದ ಆವರಣದಲ್ಲಿ ಜಪಾನೀಯರ ನೆರವಿನಿಂದ ಒಂದು ಚೆಂದದ ಕ್ರೀಡಾಂಗಣವೂ ಎದ್ದಿತು. ಫಲ ಸಿಗಲಿಲ್ಲವೆನ್ನಲಾಗದು, 2001ರ ಯುರೋಪಿಯನ್ ಚಾಂಪಿಯನ್‌ಷಿಪ್‌ನಲ್ಲಿ ರಷ್ಯ ಎರಡನೆಯ ಸ್ಥಾನ ಪಡೆಯಿತು. ಆದರೆ 2008ರ ಬೀಜಿಂಗ್ ಬಳಿಕ ಬೇಸ್‌ಬಾಲನ್ನು ಒಲಿಂಪಿಕ್ಸ್‌ನಿಂದ ಕೈಬಿಡುವುದೆಂದು 2005ರಲ್ಲಿ ನಿಶ್ಚಯವಾದ ಮೇಲೆ ಆ ಉತ್ಸಾಹ ಬಾಡಿತು. ಮೇಲಿನಿಂದ ಸುರಿದ ನೀರು ಬೇರಿನವರೆಗೆ ಇಳಿದಿರಲೇ ಇಲ್ಲ.

ಜೆಕ್ ಬೇಸ್‌ಬಾಲ್‌ಗೆ ಅಂಥ ಮಳೆಯೂ ಬರಲಿಲ್ಲ, ಅಂಥ ಬರವೂ ತಟ್ಟಲಿಲ್ಲ. 1989ರಲ್ಲಿ ಕಮ್ಯುನಿಸ್ಟ್ ಆಡಳಿತ ಕುಸಿದು, 1993ರಲ್ಲಿ ದೇಶ ಎರಡಾದ ಮೇಲೆ ಬ್ರನೋ, ಓಸ್ತ್ರಾವಾ, ಪ್ರಾಗ್ ಮೊದಲಾದ ಊರುಗಳ ಕ್ಲಬ್ಬುಗಳು ಮಕ್ಕಳನ್ನು ಸೇರಿಸಿಕೊಂಡು, ಅಪ್ಪಂದಿರನ್ನೇ ತರಬೇತುದಾರರನ್ನಾಗಿ ಮಾಡಿಕೊಂಡು ಆಟವನ್ನು ಬೆಳೆಸಿದವು. ಜರ್ಮನಿಯ ರೇಗೆನ್ಸ್‌ಬುರ್ಗ್‌ನಲ್ಲಿ 2022ರ ಸೆಪ್ಟೆಂಬರ್‌ನಲ್ಲಿ ನಡೆದ ವರ್ಲ್ಡ್ ಬೇಸ್‌ಬಾಲ್ ಕ್ಲಾಸಿಕ್‌ನ ಅರ್ಹತಾ ಟೂರ್ನಿಯ ನಿರ್ಣಾಯಕ ಪಂದ್ಯದಲ್ಲಿ ಸ್ಪೇನ್ ತಂಡವನ್ನು 3–1ರಿಂದ ಸೋಲಿಸುವಾಗ ಚೆಂಡೆಸೆದವರು ಅಗ್ನಿಶಾಮಕ ದಳದ ಮಾರ್ಟಿನ್ ಶ್ನೈಡರ್. ಟೋಕಿಯೊದಲ್ಲಿ ಚೀನಾ ವಿರುದ್ಧ ಕೊನೆಯ ಇನಿಂಗ್ಸ್‌ನಲ್ಲಿ ಹಿಂದಿದ್ದಾಗ ಮೂರು ರನ್ನಿನ ಹೋಮ್ ರನ್ ಬಾರಿಸಿ 8–5ರ ಗೆಲುವಿಗೆ ದಾರಿ ಮಾಡಿದವರು ಮೈದಾನದ ಹುಲ್ಲು ನೋಡಿಕೊಳ್ಳುವ ಕೆಲಸದ ಮಾರ್ಟಿನ್ ಮುಜಿಕ್. ನನ್ನ ಮಟ್ಟಿಗೆ ಓತಾನಿಯ ವಿಕೆಟ್ಟಿಗಿಂತ (ವಿಕೆಟ್ ಎಂದದ್ದಕ್ಕೆ ಬಲ್ಲವರು ಕ್ಷಮಿಸಬೇಕು) ದೊಡ್ಡದು ಈ ಗೆಲುವು. ಅದರಿಂದಲೇ ಗುಂಪಿನಲ್ಲಿ ನಾಲ್ಕನೆಯ ಸ್ಥಾನ ದೊರೆತು 2026ರ ಟೂರ್ನಿಗೆ ನೇರ ಪ್ರವೇಶ ಸಿಕ್ಕಿತು.

ಓತಾನಿಯನ್ನು ಔಟ್ ಮಾಡಿದ ಆ ಎಸೆತವೂ ಪವಾಡವೇನಲ್ಲ. ಗಂಟೆಗೆ 115 ಕಿಲೋಮೀಟರ್ ಆಸುಪಾಸಿನ ವೇಗದ, ಕೈ ಬೀಸುವ ರಭಸ ನೋಡಿದವರನ್ನು ಮೋಸಗೊಳಿಸುವ ನಿಧಾನದ ಚೆಂಡು ಅದು. ನಮ್ಮ ವೆಂಕಟೇಶ್ ಪ್ರಸಾದ್ ಅವರ ಸ್ಲೋ ಬಾಲ್ ನೋಡಿದವರಿಗೆ ಹೆಚ್ಚು ವಿವರಿಸಬೇಕಿಲ್ಲ. ವೇಗವಿಲ್ಲದವನು ವರ್ಷಗಟ್ಟಲೆ ತಿದ್ದಿ ತೀಡಿ ಸಾಧಿಸಿದ ವಿದ್ಯೆಯನ್ನು ಅದೃಷ್ಟವೆನ್ನುವುದು ಅವಮಾನ. ಜಪಾನೀಯರು ಹಾಗೆ ಎನ್ನಲಿಲ್ಲ. ಅದೇ ಪಂದ್ಯದಲ್ಲಿ ರೋಕಿ ಸಸಾಕಿಯ 162 ಕಿಲೋಮೀಟರ್ ವೇಗದ ಚೆಂಡು ವಿಲಿ ಎಸ್ಕಾಲಾ ಅವರ ಮಂಡಿಗೆ ಬಡಿದಿತ್ತು; ಸಸಾಕಿ ಆಮೇಲೆ ಎರಡು ಚೀಲ ತುಂಬ ಸಿಹಿತಿಂಡಿ ಹೊತ್ತು ಜೆಕ್ ತಂಡ ತಂಗಿದ್ದ ಹೋಟೆಲಿಗೆ ಹೋದರು. ಓತಾನಿ ಸೆಮಿಫೈನಲ್‌ಗೆಂದು ಮಯಾಮಿಯಲ್ಲಿ ಇಳಿದಾಗ ತಲೆಯ ಮೇಲಿದ್ದದ್ದು ಜೆಕ್ ತಂಡದ ಟೋಪಿ.

ಹಾಗೆಂದು ನಿರ್ಲಕ್ಷ್ಯವೇ ಒಳ್ಳೆಯ ಕ್ರೀಡಾನೀತಿ ಎಂದು ನಾನು ವಾದಿಸುತ್ತಿಲ್ಲ. ಪಾಳಿ ಮುಗಿಸಿ ದಣಿದು ಅಭ್ಯಾಸಕ್ಕೆ ಬರುವುದರಲ್ಲಿ ಸುಖವೇನೂ ಇಲ್ಲವೆಂಬುದನ್ನು ವಿಡಿಯೊ ಕಳಿಸುವವರು ಗಮನಿಸುವುದಿಲ್ಲ. ಅದೇ ತಂಡದಲ್ಲಿ ಅಮೆರಿಕದ ಮೇಜರ್ ಲೀಗ್‌ನಲ್ಲಿ ವರ್ಷಗಟ್ಟಲೆ ಆಡಿದ ಎರಿಕ್ ಸೋಗಾರ್ಡ್ ಇದ್ದರು. ಅವರ ತಾಯಿ ಜೆಕ್ ಮೂಲದವರು. ಉಳಿದವರಿಗೆ ಅಂಥ ಅವಕಾಶ ಸಿಕ್ಕಿದ್ದರೆ ಬೇಡವೆನ್ನುತ್ತಿದ್ದರೇ? ಅವರು ಹವ್ಯಾಸಿಗಳಾಗಿರುವುದು ಯಾವ ಆದರ್ಶದಿಂದಲೂ ಅಲ್ಲ. ಸಂಬಳ ಕೊಡುವವರಿಲ್ಲ, ಅದಕ್ಕೆ. ಆದರೆ ಅವರ ವೃತ್ತಿಯ ಹೆಸರು ನಿಜವಾದದ್ದು. ಶ್ನೈಡರ್ ಬೆಂಕಿ ಆರಿಸುತ್ತಾರೆ, ಸಟೋರಿಯಾ ತಂತಿ ಜೋಡಿಸುತ್ತಾರೆ. ದುಕ್ಲಾದ ಸೈನಿಕರ ಬಗ್ಗೆ, ಅಷ್ಟೇಕೆ, ನನ್ನ ಹಾಜರಿ ಪುಸ್ತಕದ ಬಗ್ಗೆಯೂ ಈ ಮಾತು ಹೇಳುವಂತಿಲ್ಲ.

2028ರ ಲಾಸ್ ಏಂಜಲೀಸ್ ಒಲಿಂಪಿಕ್ಸ್‌ಗೆ ಬೇಸ್‌ಬಾಲ್ ಮರಳುತ್ತಿದೆ, ನಮ್ಮ ಕ್ರಿಕೆಟ್ಟಿನ ಜೊತೆಗೇ. ಎರಡರಲ್ಲೂ ಆರಾರು ತಂಡಗಳಿಗೆ ಮಾತ್ರ ಜಾಗ. ಆ ಆರರೊಳಗೆ ಜೆಕ್ ತಂಡ ನುಸುಳುವುದು ಕಷ್ಟವೇ ಸರಿ. ಆದರೆ ಹತ್ತಿರ ಹೋದರೂ ಸಾಕು, ಪ್ರಾಗ್‌ನ ಯಾವುದಾದರೊಂದು ಸಚಿವಾಲಯಕ್ಕೆ ಈ ಆಟದ ಮೇಲೆ ಇದ್ದಕ್ಕಿದ್ದಂತೆ ಪ್ರೀತಿ ಹುಟ್ಟಬಹುದು. ಹಾಗೆ ಹಣ ಬಂದರೆ ಅದು ಬ್ರನೋದ ಮಕ್ಕಳ ತಂಡದವರೆಗೆ ಇಳಿಯುತ್ತದೆಯೋ ಅಥವಾ ಜಾವೆಲಿನ್ ಎಸೆಯುವವರನ್ನು ಹುಡುಕಲು ಹೊರಡುತ್ತದೆಯೋ ಎಂಬ ಕುತೂಹಲ ನನಗೆ ಪದಕದ ಕುತೂಹಲಕ್ಕಿಂತ ಹೆಚ್ಚಾಗಿದೆ.