ದೇವರಕಾಡಿನ ಪೊದೆಗಳನ್ನು ಸವರಬೇಡಿ

ಹಿಂದೂ ಮಹಾಸಾಗರದಲ್ಲಿ, ಮಾರಿಷಸ್‌ನಿಂದ ಸುಮಾರು 560 ಕಿಲೋಮೀಟರ್ ಪೂರ್ವಕ್ಕೆ ರಾಡ್ರಿಗಸ್ ಎಂಬ ಪುಟ್ಟ ದ್ವೀಪವಿದೆ. ಅಲ್ಲಿನ ಒಂದು ಗಿಡದ ಕತೆಯನ್ನು ಕಾಫಿ ನಂಬಿ ಬದುಕುವ ಕೊಡಗಿನವರಾದ ನಾವು ತಿಳಿದಿರಲೇಬೇಕು ಎಂದು ನನಗೆ ಬಹಳ ದಿನಗಳಿಂದ ಅನಿಸುತ್ತಿದೆ. ಆ ಗಿಡ ಕಾಫೆ ಮರಾನ್. ಶಾಸ್ತ್ರೀಯ ಹೆಸರು ರಾಮೋಸ್ಮೇನಿಯಾ ರಾಡ್ರಿಗೆಸಿ. ಕಾಫಿ, ಕೇಪಳಗಳು ಸೇರಿರುವ ರೂಬಿಯೇಸಿ ಕುಟುಂಬದ್ದೇ ಇದು. ಇದರ ಐದೆಸಳಿನ ಬಿಳಿ ಹೂವನ್ನು ಚಿತ್ರದಲ್ಲಿ ಕಂಡಾಗ, ಕಾಫಿ ಹೂ ಅರಳಿಸುವ ಹೂಮಳೆ ಬಿದ್ದ ಮೇಲಿನ ನಮ್ಮ ತೋಟವೇ ಕಣ್ಣಮುಂದೆ ಬಂತು.

ಕಾಡು ಕಡಿದದ್ದರಿಂದಲೂ, ಮೇಕೆಗಳ ಹಾವಳಿಯಿಂದಲೂ, ಹೊರಗಿನಿಂದ ಬಂದ ಕಳೆಗಿಡಗಳಿಂದಲೂ ರಾಡ್ರಿಗಸ್‌ನ ಮೂಲ ಸಸ್ಯಗಳು ಅಳಿಯುತ್ತ ಬಂದವು. ಕಾಫೆ ಮರಾನ್ ಕೂಡ ನಿರ್ನಾಮವಾಯಿತೆಂದೇ ಎಲ್ಲರೂ ಭಾವಿಸಿದ್ದರು. 1980ರ ಸುಮಾರಿಗೆ ಅಲ್ಲಿನ ಶಿಕ್ಷಕರೊಬ್ಬರು ಸ್ಥಳೀಯ ಗಿಡಗಳನ್ನು ಹುಡುಕಿ ತರುವಂತೆ ಮಕ್ಕಳಿಗೆ ಹೇಳಿದಾಗ, ಹುಡುಗನೊಬ್ಬ ತಂದ ರೆಂಬೆ ಇದರದ್ದಾಗಿತ್ತು. ಇಡೀ ದ್ವೀಪದಲ್ಲಿ ಸಿಕ್ಕಿದ್ದು ಒಂದೇ ಒಂದು ಗಿಡ. ಸುದ್ದಿ ಹಬ್ಬುತ್ತಲೇ, ಅದು ಔಷಧವೆಂದು ನಂಬಿದವರು ಕೊಂಬೆ ಮುರಿದುಕೊಂಡು ಹೋಗತೊಡಗಿದರು. ಬೇಲಿ ಹಾಕಿದರೂ ನಿಲ್ಲಲಿಲ್ಲ; ಬೇಲಿಯ ಸುತ್ತ ಮತ್ತೆ ಬೇಲಿ ಹಾಕಬೇಕಾಯಿತು.

1986ರಲ್ಲಿ ಅದರ ಕಡ್ಡಿಗಳನ್ನು ಲಂಡನ್ನಿನ ಕ್ಯೂ ಸಸ್ಯೋದ್ಯಾನಕ್ಕೆ ವಿಮಾನದಲ್ಲಿ ಕಳಿಸಿದರು. ಅಲ್ಲಿ ಬೇರು ಬಿಟ್ಟಿತು, ಹೂವೂ ಆಯಿತು, ಆದರೆ ವರ್ಷಗಟ್ಟಲೆ ಕಾಯಿ ಮಾತ್ರ ಕಟ್ಟಲಿಲ್ಲ. ಕಡ್ಡಿಯಿಂದ ಎಷ್ಟು ಗಿಡ ಮಾಡಿದರೂ ಅವೆಲ್ಲ ಆ ಒಂದೇ ಗಿಡ. ರೋಬಸ್ಟಾ ಕಾಫಿ ಬೆಳೆದವರಿಗೆ ಇದರ ಕಷ್ಟ ಬೇಗ ಅರ್ಥವಾಗುತ್ತದೆ: ರೋಬಸ್ಟಾ ತನ್ನದೇ ಪರಾಗದಿಂದ ಕಾಯಿ ಕಟ್ಟುವುದಿಲ್ಲ, ಒಂದೇ ತಾಯಿಗಿಡದ ಕಡ್ಡಿಗಳಿಂದ ತೋಟವಿಡೀ ತುಂಬಿಸಿದರೆ ಹೂವು ಬೆಳ್ಳಗೆ ಅರಳೀತೇ ಹೊರತು ಫಸಲು ಸಿಗದು. ಕ್ಯೂನಲ್ಲಿ ಕಾರ್ಲೋಸ್ ಮಗ್ದಲೇನಾ ಎಂಬ ಸ್ಪೇನಿನ ತೋಟಗಾರಿಕಾ ತಜ್ಞರು ಹೂವಿನಲ್ಲಿ ಪರಾಗ ಬಂದು ಕೂರುವ ತುದಿಯಾದ ಶಲಾಕಾಗ್ರವನ್ನೇ ಕತ್ತರಿಸಿ, ಆ ಹಸಿ ಗಾಯಕ್ಕೆ ಪರಾಗವನ್ನು ಹಚ್ಚಿ ನೋಡಿದರು. ಹೂವಿಂದ ಹೂವಿಗೆ ಹೀಗೆ ಪ್ರಯತ್ನಿಸುತ್ತ, 2003ರಲ್ಲಿ ಅವರು ಕಾಯಿ ಕಂಡರು. ಮುಂದೆ ಬೀಜಗಳು ರಾಡ್ರಿಗಸ್‌ಗೆ ಮರಳಿದವು. ಇಷ್ಟು ತಾಳ್ಮೆಯಿರುವವರು ಪ್ರತಿಯೊಂದು ಗಿಡಕ್ಕೂ ಸಿಗುತ್ತಾರೆಂದು ನಾನು ನಂಬುವುದಿಲ್ಲ.

ನನ್ನನ್ನು ಹೆಚ್ಚು ಕಾಡಿದ್ದು ಅದರ ಎಲೆ. ಬೆಳೆದ ಗಿಡದ ಎಲೆ ಅಗಲವಾಗಿ ಹಸಿರಾಗಿರುತ್ತದೆ. ಎಳೆಯ ಗಿಡದ ಎಲೆಯಾದರೋ ಉದ್ದಕ್ಕೆ, ಪಟ್ಟಿಯಂತೆ ಕಿರಿದಾಗಿ, ಕಂದು ಬಣ್ಣಕ್ಕೆ ತಿರುಗಿ ಒಣಗಿದಂತೆ ಕಾಣುತ್ತದೆ. ಎರಡೂ ಒಂದೇ ಜಾತಿಯೆಂದು ಹೇಳಿದರೂ ನಂಬುವುದು ಕಷ್ಟ. ಕತ್ತಿ ಹಿಡಿದು ಕಾಡು ಸವರುವವರಿಗೆ ಇಂತಹ ಗಿಡ ಹೇಗೆ ತಾನೇ ಗುರುತು ಸಿಕ್ಕೀತು?

ಕೊಡಗಿನಲ್ಲಿ 1,200ಕ್ಕೂ ಹೆಚ್ಚು ದೇವರಕಾಡುಗಳಿವೆ. ಅಲ್ಲಿ ಮರಕ್ಕೆ ಕೊಡಲಿ ಹಾಕಲು ಇಂದಿಗೂ ಜನ ಅಂಜುತ್ತಾರೆ. ಆ ಅಂಜಿಕೆಯೇ ಅವನ್ನು ಇಲ್ಲಿಯವರೆಗೆ ಕಾಯ್ದಿದೆ. ಆದರೆ ಹಬ್ಬ ಹತ್ತಿರ ಬಂದಾಗ ಸ್ವಚ್ಛತೆಯ ಹೆಸರಿನಲ್ಲಿ ಮರದಡಿಯ ಪೊದೆಗಳನ್ನು ತೋಟದ ಕಳೆಯಂತೆ ಬುಡಸಮೇತ ಸವರಿಬಿಡುವುದನ್ನು ನಾನು ಕಂಡಿದ್ದೇನೆ. ಆ ಪೊದೆಯಲ್ಲಿ ನಾಳಿನ ಮರಗಳ ಸಸಿಗಳೂ ಇರುತ್ತವೆ, ಪೊದೆಯಾಗಿಯೇ ಬಾಳುವ ಗಿಡಗಳೂ ಇರುತ್ತವೆ. ಮಳೆಗಾಲದ ಕಕ್ಕಡ ತಿಂಗಳಲ್ಲಿ ಪಾಯಸಕ್ಕೆಂದು ನಾವು ಹುಡುಕಿಕೊಂಡು ಹೋಗುವ ಮದ್ದುತೊಪ್ಪೂ ಅಂತಹ ಗಿಡವೇ. ಅದನ್ನು ನಾವು ಬಲ್ಲೆವು, ಹಿತ್ತಲಲ್ಲಿ ನೆಟ್ಟುಕೊಂಡವರೂ ಇದ್ದಾರೆ. ಪಾಯಸಕ್ಕೆ ಒದಗದ, ಹೆಸರೇ ಗೊತ್ತಿಲ್ಲದ ಗಿಡಗಳ ಪರ ಮಾತಾಡುವವರು ಮಾತ್ರ ಯಾರೂ ಇಲ್ಲ.

ಆದ್ದರಿಂದ ದೇವರಕಾಡು ಸಮಿತಿಗಳ ಹಿರಿಯರಲ್ಲಿ ನನ್ನ ವಿನಂತಿ: ದೇವರ ನಡೆಗೆ, ಎಂದರೆ ಸನ್ನಿಧಿಗೆ, ಹೋಗುವ ದಾರಿಯನ್ನೂ ಜನ ಸೇರುವ ಜಾಗವನ್ನೂ ಮಾತ್ರ ಸವರಿಸಿ, ಉಳಿದದ್ದನ್ನು ಹಾಗೆಯೇ ಬಿಡಿ. ಶಿಕ್ಷಕರು ಮಳೆ ಬಿಟ್ಟ ಮೇಲೆ ಮಕ್ಕಳನ್ನು, ಊರಿನ ಹಿರಿಯರೊಬ್ಬರನ್ನೂ ಜೊತೆಗಿಟ್ಟುಕೊಂಡು, ಒಮ್ಮೆ ದೇವರಕಾಡಿಗೆ ಕರೆದೊಯ್ಯಲಿ. ಗಿಡ ಕೀಳದೆ, ಚಿತ್ರ ತೆಗೆದು, ಹಿರಿಯರು ಹೇಳುವ ಹೆಸರನ್ನು ಪುಸ್ತಕದಲ್ಲಿ ಬರೆದಿಡಲಿ. ಗುರುತು ಸಿಗದವುಗಳ ಚಿತ್ರಗಳನ್ನು ಪೊನ್ನಂಪೇಟೆಯ ಅರಣ್ಯ ಕಾಲೇಜಿನವರಿಗೆ ತೋರಿಸಿ ಕೇಳಬಹುದು.