ಸಿವಿಲ್ ಜಗಳದಿಂದ ಪೊಲೀಸರನ್ನು ದೂರ ಇಡಬೇಕಾ?

ಪರ

ಬೆಂಗಳೂರಿನಲ್ಲಿ ಬಾಡಿಗೆ ಮನೆ ಖಾಲಿ ಮಾಡಿದವರಿಗೆ ಈ ಕಥೆ ಗೊತ್ತು. ಹತ್ತು ತಿಂಗಳ ಅಡ್ವಾನ್ಸ್ ವಾಪಸ್ ಕೇಳಿದರೆ ಓನರ್ ಪೇಂಟಿಂಗು, ನಲ್ಲಿ ರಿಪೇರಿ ಅಂತ ಅರ್ಧ ಮುರಿದುಕೊಳ್ಳುತ್ತಾರೆ, ಜಾಸ್ತಿ ಮಾತಾಡಿದರೆ ಸ್ಟೇಷನ್‌ನಲ್ಲಿ ಗೊತ್ತಿರೋರು ಇದ್ದಾರೆ ಅನ್ನುತ್ತಾರೆ. ನನಗೂ ಹಾಗೇ ಒಂದು ಫೋನ್ ಬಂತು. 'ಸ್ವಲ್ಪ ಸ್ಟೇಷನ್‌ಗೆ ಬಂದು ಹೋಗಿ.' ನೋಟಿಸ್ ಇಲ್ಲ, ಕೇಸ್ ನಂಬರ್ ಇಲ್ಲ. ಎರಡು ಗಂಟೆ ಬೆಂಚಿನ ಮೇಲೆ ಸುಮ್ನೆ ಕೂರಿಸಿದರು. ಆಮೇಲೆ 'ಕೊಟ್ಟಷ್ಟು ತಗೊಂಡು ಮುಗಿಸಿ' ಅಂದರು. ಮುಗಿಸಿದೆ. ಇದಕ್ಕೆ ರಾಜಿ ಅನ್ನುತ್ತಾರಂತೆ.

ಬಾಡಿಗೆ, ಕೈಸಾಲ, ಅಣ್ಣತಮ್ಮಂದಿರ ಪಾಲು, ಸೈಟಿನ ಗಡಿ, ಇವುಗಳಲ್ಲಿ ಯಾರ ಹಕ್ಕು ಎಷ್ಟು ಅಂತ ಹೇಳಬೇಕಾದ್ದು ಸಿವಿಲ್ ಕೋರ್ಟು. ಇನ್‌ಸ್ಪೆಕ್ಟರ್ ಅಲ್ಲ. ಚೆಕ್ ಬೌನ್ಸ್ ಆದರೂ ನೆಗೋಷಿಯಬಲ್ ಇನ್‌ಸ್ಟ್ರುಮೆಂಟ್ಸ್ ಕಾಯ್ದೆಯ 138ನೇ ಸೆಕ್ಷನ್ ಪ್ರಕಾರ ಮೊದಲು ನೋಟಿಸ್ ಕೊಡಬೇಕು, ಹಣ ಬರದಿದ್ದರೆ ಮ್ಯಾಜಿಸ್ಟ್ರೇಟ್ ಮುಂದೆ ದೂರು ಹಾಕಬೇಕು. ಆದರೂ ಜನ ಸ್ಟೇಷನ್‌ಗೇ ಓಡುತ್ತಾರೆ, ಯಾಕೆಂದರೆ ಸಾಲದ ಕಥೆಗೆ 'ಮೋಸ' ಅನ್ನೋ ಒಂದು ಪದ ಸೇರಿಸಿದರೆ ಎಫ್‌ಐಆರ್ ಆಗಿಬಿಡಬಹುದು, ಆಮೇಲೆ ಜೈಲಿನ ಭಯಕ್ಕೇ ದುಡ್ಡು ಬರುತ್ತದೆ. ಆದರೆ ವಾಪಸ್ ಕೊಡದ್ದೆಲ್ಲ ಮೋಸವಲ್ಲ. ತೆಗೆದುಕೊಳ್ಳುವಾಗಲೇ ಮೋಸ ಮಾಡುವ ಉದ್ದೇಶ ಇರಬೇಕು. 2025ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟು ಉತ್ತರ ಪ್ರದೇಶದ ಪೊಲೀಸರಿಗೆ ಛೀಮಾರಿ ಹಾಕಿದ್ದೂ ಸಿವಿಲ್ ತಕರಾರನ್ನು ಕ್ರಿಮಿನಲ್ ಕೇಸ್ ಮಾಡಿದ್ದಕ್ಕೇ. ನಮ್ಮಲ್ಲೇನು ಕಮ್ಮಿ ಇದೆಯಾ?

ವಿರೋಧ

ಎಲ್ಲ ಸರಿ. ಆದರೆ ಒಬ್ಬಳು ರಾತ್ರಿ ಒಂಬತ್ತಕ್ಕೆ ಕೆಲಸ ಮುಗಿಸಿ ಬರುತ್ತಾಳೆ, ಓನರ್ ಬೀಗ ಬದಲಿಸಿದ್ದಾನೆ, ಅಡುಗೆ ಸಾಮಾನು, ಮಗುವಿನ ಔಷಧಿ ಎಲ್ಲ ಒಳಗೆ. 112ಕ್ಕೆ ಫೋನ್ ಮಾಡುತ್ತಾಳೆ. ಪೊಲೀಸರ ಗಸ್ತು ಗಾಡಿ ಹೊಯ್ಸಳ ಬರುತ್ತದೆ, 'ಸಿವಿಲ್ ಮ್ಯಾಟರ್ ಮೇಡಂ, ಕೋರ್ಟಿಗೆ ಹೋಗಿ' ಅಂತ ಹೇಳಿ ಹೊರಟುಹೋಗುತ್ತದೆ. ಕೋರ್ಟಿನಲ್ಲಿ ದಾರಿ ಇಲ್ಲ ಅಂತಲ್ಲ. ಹೀಗೆ ಹೊರಹಾಕಿದರೆ ಆರು ತಿಂಗಳೊಳಗೆ ಸ್ಪೆಸಿಫಿಕ್ ರಿಲೀಫ್ ಕಾಯ್ದೆಯ 6ನೇ ಸೆಕ್ಷನ್ ಅಡಿ ದಾವೆ ಹಾಕಬಹುದು. ಆ ರಾತ್ರಿ ಎಲ್ಲಿ ಮಲಗೋದು?

ಪೊಲೀಸರಿಗೆ ಮಿತಿ ಹಾಕಿ ಅನ್ನುವವರು ಇದನ್ನು ಮರೆಯುತ್ತಾರೆ. ಸಿವಿಲ್ ಅಂತ ಕೈ ತೊಳೆದುಕೊಂಡರೆ ಬೀಗ ಯಾರ ಕೈಲಿದೆಯೋ ಅವರು ಗೆದ್ದ ಹಾಗೇ. ಖಾಲಿ ಸೈಟಿಗೆ ನಕಲಿ ಪತ್ರ ತೋರಿಸಿ ರಾತ್ರೋರಾತ್ರಿ ಕಾಂಪೌಂಡ್ ಎಬ್ಬಿಸುವವರಿಗೂ ಬೇಕಿರುವುದು ಇದೇ ಮಾತು, ಅಲ್ವಾ? ನಕಲಿ ಪತ್ರ ಮಾಡುವುದು ಅಪರಾಧ, ಅದರಲ್ಲಿ ಸಿವಿಲ್ ಏನು ಬಂತು? ಕೋರ್ಟಿನ ಬಗ್ಗೆ ಗೆದ್ದವನು ಸೋತ, ಸೋತವನು ಸತ್ತ ಅಂತ ನಮ್ಮ ಹಿರಿಯರು ಹೇಳಿದ್ದು ಸುಮ್ನೆ ಅಲ್ಲ.

ಕಾನೂನು ಕೂಡ ಕೈಕಟ್ಟಿ ಕೂರಿ ಅನ್ನುವುದಿಲ್ಲ. 2013ರ ಲಲಿತಾ ಕುಮಾರಿ ತೀರ್ಪಿನಲ್ಲಿ ಸುಪ್ರೀಂ ಕೋರ್ಟು, ಸಂಜ್ಞೇಯ ಅಪರಾಧ, ಅಂದರೆ ಪೊಲೀಸರು ವಾರಂಟ್ ಇಲ್ಲದೆ ಬಂಧಿಸಬಹುದಾದ ಅಪರಾಧ ಕಂಡರೆ ಎಫ್‌ಐಆರ್ ಹಾಕಲೇಬೇಕು ಅಂದಿತು. ಸಂಸಾರದ ಜಗಳ, ವ್ಯವಹಾರದ ತಕರಾರುಗಳಲ್ಲಿ ಅನುಮಾನ ಇದ್ದರೆ ಮೊದಲು ಪ್ರಾಥಮಿಕ ವಿಚಾರಣೆ ಮಾಡಿ ಅಂತಲೂ ಹೇಳಿತು. ಅಂದರೆ ನೋಡಬೇಕು, ಕೇಳಬೇಕು, ಆಮೇಲೆ ತೀರ್ಮಾನಿಸಬೇಕು. ಗೇಟಿನ ಹತ್ತಿರ ಗಾಡಿಯಿಂದಲೂ ಇಳಿಯದೆ ಸಿವಿಲ್ ಅನ್ನುವುದು ವಿಚಾರಣೆ ಅಲ್ಲ. ಬಾಡಿಗೆ ಬಾಕಿ ಎಷ್ಟು ಅಂತ ಪೊಲೀಸರು ಲೆಕ್ಕ ಹಾಕೋದು ಬೇಡ, ಆ ರಾತ್ರಿ ಬೀಗ ತೆಗೆಸಿದರೆ ಸಾಕಿತ್ತು.